ಕಂತಷ್ಟೇ ಕೇಳಿದರೆ ಸಾಲದು

ತೆಲಂಗಾಣದ ನಾರಾಯಣಪೇಟೆ, ಮಕ್ತಲ್, ಗದ್ವಾಲ ಕಡೆ ಕೈಸಾಲದ ಮಾತು ಬಂದರೆ ಶೇಕಡಾ ಲೆಕ್ಕ ಯಾರ ಬಾಯಲ್ಲೂ ಬರುವುದಿಲ್ಲ. 'ಎರಡು ರೂಪಾಯಿ ಬಡ್ಡಿ' ಎಂದರೆ ಸಾಕು. ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ, ಲಕ್ಷಕ್ಕೆ ಎರಡು ಸಾವಿರ ಎಂಬುದು ರಾಜ್ಯದ ಗಡಿಯ ಈಚೆಯವರಿಗೂ ಆಚೆ ರಾಯಚೂರಿನವರಿಗೂ ಬಾಯಿಲೆಕ್ಕ. ಅದೇ ಜನ ಮನೆ ಸಾಲಕ್ಕೆಂದು ಬ್ಯಾಂಕಿನ ಮೆಟ್ಟಿಲು ಹತ್ತಿದಾಗ ಕೇಳುವ ಪ್ರಶ್ನೆ ಒಂದೇ: "ತಿಂಗಳಾ ಎಷ್ಟ್ ಕಟ್ಟಬೇಕಾಗ್ತದ್ರೀ ಸಾರ್?" ಹೇಳಿದ ಕಂತು ಸಂಬಳಕ್ಕೆ ಹೊಂದಿದರೆ ಸಹಿ ಬೀಳುತ್ತದೆ. ಇಪ್ಪತ್ತು ವರ್ಷಕ್ಕೆ ಒಟ್ಟು ಎಷ್ಟು ಕಟ್ಟುತ್ತೇವೆ ಎಂದು ಕೇಳುವವರು ಕಡಿಮೆ.

ಬ್ಯಾಂಕಿನ ಶೇ. 9 ಊರ ಲೆಕ್ಕದಲ್ಲಿ ಮುಕ್ಕಾಲು ರೂಪಾಯಿ ಬಡ್ಡಿ. ಎರಡು ರೂಪಾಯಿಯ ಮುಂದೆ ಅದು ಅಗ್ಗವೇ. ಆದರೆ ಕೈಸಾಲ ಒಂದೆರಡು ಸುಗ್ಗಿಯಲ್ಲಿ ತೀರುತ್ತದೆ, ಮನೆ ಸಾಲ ಮಕ್ಕಳು ಓದಿ ಕೆಲಸ ಹಿಡಿಯುವವರೆಗೂ ಜೊತೆಗಿರುತ್ತದೆ. ಅಗ್ಗದ ಬಡ್ಡಿಯೂ ಭಾರವಾಗುವುದು ಈ ವರ್ಷಗಳ ಉದ್ದದಿಂದ.

ಗಡಿಯ ಈ ಊರುಗಳಲ್ಲಿ ಇನ್ನೊಂದು ತೊಡಕೂ ಉಂಟು. ಗದ್ವಾಲ ಮತ್ತು ಆಲಂಪುರ ತಾಲ್ಲೂಕುಗಳು 1956ರವರೆಗೆ ರಾಯಚೂರು ಜಿಲ್ಲೆಯಲ್ಲಿದ್ದವು. ರಾಜ್ಯಗಳ ಪುನರ್ವಿಂಗಡಣೆಯಾದಾಗ ಗಡಿ ಸರಿಯಿತು, ಮನೆಮಾತು ಸರಿಯಲಿಲ್ಲ. ಕೃಷ್ಣಾ ಮತ್ತು ಮಕ್ತಲ್ ಮಂಡಲಗಳ ಎಷ್ಟೋ ಮನೆಗಳಲ್ಲಿ ಇಂದಿಗೂ ಕನ್ನಡವೇ ನಡೆಯುತ್ತದೆ. ಸಾಲದ ಕಾಗದ ಮಾತ್ರ ಇಂಗ್ಲಿಷಿನಲ್ಲೋ ತೆಲುಗಿನಲ್ಲೋ ಇರುತ್ತದೆ. ಓದದೇ ಸಹಿ ಹಾಕುವುದಕ್ಕೆ ಇದೂ ಒಂದು ಕಾರಣ. ಇದಕ್ಕೆ ಈಗ ಒಂದು ದಾರಿಯಿದೆ, ಅದು ಮುಂದೆ ಬರುತ್ತದೆ.

ಮೊದಲ ಕಂತಿನೊಳಗೆ ಏನಿದೆ?

ಮಕ್ತಲ್‌ನ ಶಿಕ್ಷಕರೊಬ್ಬರು ಶೇ. 9ರ ಬಡ್ಡಿಗೆ, 20 ವರ್ಷದ ಅವಧಿಗೆ, 20 ಲಕ್ಷ ರೂಪಾಯಿ ಸಾಲ ತೆಗೆದರು ಎಂದಿಟ್ಟುಕೊಳ್ಳಿ. ತಿಂಗಳ ಕಂತು 17,995 ರೂಪಾಯಿ ಬರುತ್ತದೆ. ಮೊದಲ ತಿಂಗಳು 20 ಲಕ್ಷಕ್ಕೆ ಮುಕ್ಕಾಲು ರೂಪಾಯಿಯಂತೆ ಬಡ್ಡಿಯೇ 15,000. ಅಸಲಿಗೆ ಹೋಗುವುದು ಉಳಿದ 2,995 ಮಾತ್ರ. ಎರಡನೇ ತಿಂಗಳು ಬಡ್ಡಿ 14,978ಕ್ಕೆ ಇಳಿಯುತ್ತದೆ, ಅಸಲಿಗೆ 3,017 ಸೇರುತ್ತದೆ. ಮೊದಲ ವರ್ಷ ತಿಂಗಳಿಂದ ತಿಂಗಳಿಗೆ ಇಪ್ಪತ್ತು ಇಪ್ಪತ್ತೈದು ರೂಪಾಯಿಯಷ್ಟೇ ಬಡ್ಡಿಯ ಪಾಲಿನಿಂದ ಅಸಲಿನ ಪಾಲಿಗೆ ಸರಿಯುತ್ತಾ ಹೋಗುತ್ತದೆ.

ಇದರಲ್ಲಿ ಬ್ಯಾಂಕಿನವರ ಮೋಸವೇನೂ ಇಲ್ಲ. ಬಾಕಿ ಇರುವ ಅಸಲಿಗೆ ಮಾತ್ರ ಬಡ್ಡಿ ಹಾಕುವುದು ನ್ಯಾಯವಾದ ಲೆಕ್ಕವೇ. ಮೊದಲ ವರ್ಷಗಳಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯ ಪಾಲೂ ದೊಡ್ಡದು. ಫಲಿತಾಂಶ ನೋಡಿದಾಗ ಮಾತ್ರ ಎದೆ ಧಸಕ್ಕೆನ್ನುತ್ತದೆ. ಐದು ವರ್ಷದಲ್ಲಿ ಆ ಶಿಕ್ಷಕರು ಕಟ್ಟಿದ್ದು ಸುಮಾರು 10 ಲಕ್ಷ 80 ಸಾವಿರ, ಬಾಕಿ ಉಳಿದದ್ದು 17 ಲಕ್ಷ 74 ಸಾವಿರ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು ಹನ್ನೆರಡು ವರ್ಷ ದಾಟಿದ ಮೇಲೆ. ಸಾಲ ಅರ್ಧಕ್ಕೆ, ಅಂದರೆ 10 ಲಕ್ಷಕ್ಕೆ ಇಳಿಯುವ ಹೊತ್ತಿಗೆ ಹದಿನಾಲ್ಕು ವರ್ಷ ಕಳೆದಿರುತ್ತದೆ. ಕೊನೆಗೆ ಕಟ್ಟಿದ ಒಟ್ಟು ಮೊತ್ತ 43 ಲಕ್ಷ 19 ಸಾವಿರ; ಅದರಲ್ಲಿ ಬಡ್ಡಿ 23 ಲಕ್ಷ 19 ಸಾವಿರ.

ಅದೇ 20 ಲಕ್ಷ, ಅದೇ ಶೇ. 9. ಅವಧಿಯೊಂದನ್ನು ಬದಲಿಸಿದರೆ:

10 ವರ್ಷ: ಕಂತು 25,335, ಒಟ್ಟು ಬಡ್ಡಿ 10.40 ಲಕ್ಷ
15 ವರ್ಷ: ಕಂತು 20,285, ಒಟ್ಟು ಬಡ್ಡಿ 16.51 ಲಕ್ಷ
20 ವರ್ಷ: ಕಂತು 17,995, ಒಟ್ಟು ಬಡ್ಡಿ 23.19 ಲಕ್ಷ
30 ವರ್ಷ: ಕಂತು 16,092, ಒಟ್ಟು ಬಡ್ಡಿ 37.93 ಲಕ್ಷ

ಇಪ್ಪತ್ತರಿಂದ ಮೂವತ್ತು ವರ್ಷಕ್ಕೆ ಹೋದರೆ ತಿಂಗಳಿಗೆ ಸಾವಿರದ ಒಂಬೈನೂರು ರೂಪಾಯಿ ಹಗುರವಾಗುತ್ತದೆ, ಒಟ್ಟು ಬಡ್ಡಿ 14.74 ಲಕ್ಷ ಏರುತ್ತದೆ. ಹದಿನೈದಕ್ಕೆ ಇಳಿದರೆ ತಿಂಗಳಿಗೆ 2,290 ಹೆಚ್ಚು, ಒಟ್ಟಿನಲ್ಲಿ 6.67 ಲಕ್ಷ ಉಳಿತಾಯ. ಬಡ್ಡಿ ದರದ ಮೇಲೆ ಕಾಲು ಪರ್ಸೆಂಟಿಗಾಗಿ ಚೌಕಾಸಿ ಮಾಡುವವರು ಅವಧಿಯ ಮೇಲೆ ಚೌಕಾಸಿ ಮಾಡುವುದಿಲ್ಲ. ದೊಡ್ಡ ದುಡ್ಡು ಇರುವುದು ಅಲ್ಲೇ.

ಹಾಗೆಂದು 23 ಲಕ್ಷ ಪೂರಾ ನಷ್ಟ ಎಂದು ಗಾಬರಿಯಾಗಬೇಕಿಲ್ಲ. ಹದಿನೆಂಟನೇ ವರ್ಷದಲ್ಲಿ ಕಟ್ಟುವ 17,995ಕ್ಕೆ ಇಂದಿನಷ್ಟು ಬೆಲೆ ಇರುವುದಿಲ್ಲ, ಸಂಬಳವೂ ಅಷ್ಟು ಹೊತ್ತಿಗೆ ಏರಿರುತ್ತದೆ. ಸಾಲ ತೆಗೆಯದಿದ್ದರೆ ಬಾಡಿಗೆ ಕಟ್ಟಬೇಕಿತ್ತು, ಅದನ್ನೂ ಲೆಕ್ಕದಿಂದ ಕಳೆಯಬೇಕು. ನಿಮ್ಮ ಊರಿನಲ್ಲಿ ಅಂಥದೇ ಮನೆಗೆ ಬಾಡಿಗೆ ಎಷ್ಟಿದೆ ಎಂದು ವಿಚಾರಿಸಿ, ಕಂತಿನ ಪಕ್ಕದಲ್ಲಿ ಬರೆದಿಡಿ. ಎರಡರ ನಡುವಿನ ಅಂತರವೇ ಸ್ವಂತ ಮನೆಗಾಗಿ ತಿಂಗಳಿಗೆ ನೀವು ನಿಜವಾಗಿ ಹೆಚ್ಚಾಗಿ ಕೊಡುತ್ತಿರುವ ದುಡ್ಡು.

ದರ ಏರಿದಾಗ ಏನಾಗುತ್ತದೆ?

ಬ್ಯಾಂಕುಗಳು ಬದಲಾಗುವ ದರದಲ್ಲಿ ಕೊಡುವ ಹೊಸ ಮನೆ ಸಾಲವನ್ನು 2019ರ ಅಕ್ಟೋಬರ್ 1ರಿಂದ ಹೊರಗಿನ ಒಂದು ಮಾನದಂಡಕ್ಕೆ ಕಟ್ಟಲೇಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ರೆಪೊ ದರವನ್ನೇ, ಅಂದರೆ ರಿಸರ್ವ್ ಬ್ಯಾಂಕ್ ತಾನು ಬ್ಯಾಂಕುಗಳಿಗೆ ಕೊಡುವ ಸಾಲದ ದರವನ್ನೇ, ಆರಿಸಿಕೊಂಡವು. ಗ್ರಾಮೀಣ ಬ್ಯಾಂಕು ಮತ್ತು ಹೌಸಿಂಗ್ ಫೈನಾನ್ಸ್ ಕಂಪನಿಗಳು ಆ ನಿಯಮದ ವ್ಯಾಪ್ತಿಗೆ ಬರಲಿಲ್ಲ. ರೆಪೊ ಇಳಿದಾಗ ಅಲ್ಲಿನ ಬಡ್ಡಿಯೂ ತಾನಾಗಿ ಇಳಿಯುತ್ತದೆ ಎಂದು ನಂಬಿ ಕೂರಬೇಡಿ, ಯಾವ ದರಕ್ಕೆ ಕಟ್ಟಿದ್ದೀರಿ ಎಂದು ಕೇಳಿ ತಿಳಿದುಕೊಳ್ಳಿ.

2022ರ ಮೇ ಆರಂಭದಲ್ಲಿ ಶೇ. 4 ಇದ್ದ ರೆಪೊ 2023ರ ಫೆಬ್ರುವರಿಗೆ ಶೇ. 6.5ಕ್ಕೆ ಏರಿತು. ಶೇ. 7ಕ್ಕೆ ಸಾಲ ತೆಗೆದವರ ದರ ಶೇ. 9.5 ಆಯಿತು. ಇಂಥ ಏರಿಕೆ ಒಂದು ಸಾಲವನ್ನು ಏನು ಮಾಡುತ್ತದೆ ನೋಡಿ. 20 ಲಕ್ಷ, 20 ವರ್ಷ, ಶೇ. 7 ಎಂದರೆ ಕಂತು 15,506. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 19.52 ಲಕ್ಷ. ಲೆಕ್ಕ ಸರಳವಾಗಲೆಂದು ದರ ಒಮ್ಮೆಗೇ 9.5 ಆಯಿತು ಎಂದುಕೊಳ್ಳೋಣ. ಈಗ ತಿಂಗಳ ಬಡ್ಡಿಯೇ 15,457. ಹಳೆಯ ಕಂತನ್ನೇ ಮುಂದುವರಿಸಿದರೆ ಅಸಲಿಗೆ ಸೇರುವುದು ಸುಮಾರು ಐವತ್ತು ರೂಪಾಯಿ! ಮೊದಲು ಒಪ್ಪಿದ ಅವಧಿಯಲ್ಲೇ ಸಾಲ ತೀರಬೇಕಾದರೆ ಕಂತು 18,525 ಆಗಬೇಕು.

ಬಹುಪಾಲು ಬ್ಯಾಂಕುಗಳು ಆಗ ಕಂತನ್ನು ಮುಟ್ಟದೆ ಅವಧಿಯನ್ನು ಎಳೆದವು. ಖಾತೆಯಿಂದ ಪ್ರತಿ ತಿಂಗಳು ಅಷ್ಟೇ ದುಡ್ಡು ಹೋಗುತ್ತಿದ್ದರಿಂದ ಅನೇಕರಿಗೆ ಅದು ಗೊತ್ತೇ ಆಗಲಿಲ್ಲ. 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೆ ಕಡಿವಾಣ ಹಾಕಿತು. ದರ ಬದಲಾದಾಗ ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂಬ ಆಯ್ಕೆಯನ್ನು ಅವರಿಗೇ ಬಿಡಬೇಕು. ನಿಮಗೆ ಅಂಥ ಸಂದೇಶ ಬಂದರೆ ಅಳಿಸಿಹಾಕಬೇಡಿ, ಶಾಖೆಗೆ ಹೋಗಿ ಆಯ್ಕೆಯನ್ನು ಬರೆದುಕೊಡಿ. 2025ರ ಫೆಬ್ರುವರಿಯಿಂದ ರೆಪೊ ಇಳಿಯತೊಡಗಿ ಜೂನ್‌ಗೆ 5.5ಕ್ಕೆ ಬಂತು. ಇಳಿಕೆಯ ಕಾಲದಲ್ಲಿ ಕಂತು ಕಡಿಮೆ ಮಾಡಿಸಿಕೊಳ್ಳುವುದಕ್ಕಿಂತ ಕಂತನ್ನು ಹಾಗೇ ಇಟ್ಟು ಅವಧಿ ಇಳಿಸಿಕೊಳ್ಳುವುದೇ ಲಾಭ.

ಸಹಿ ಹಾಕುವ ಮುಂಚೆ

1. ಕೆಎಫ್‌ಎಸ್ ಕೇಳಿ, ಕನ್ನಡದಲ್ಲೇ ಕೇಳಿ. ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಎಂದರೆ ಸಾಲದ ಮುಖ್ಯ ಅಂಶಗಳೆಲ್ಲ ಒಂದೇ ಕಡೆ ಇರುವ ಪತ್ರ. 2024ರ ಅಕ್ಟೋಬರ್ 1ರಿಂದ ಮನೆ ಸಾಲವೂ ಸೇರಿ ವೈಯಕ್ತಿಕ ಸಾಲಗಳಿಗೆಲ್ಲ ಇದು ಕಡ್ಡಾಯ. ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ ಇದು ಇರಬೇಕು, ಅದರಲ್ಲಿರುವುದನ್ನು ಬಿಡಿಸಿ ಹೇಳಬೇಕು ಎಂಬ ಮಾತು ನಿಯಮದಲ್ಲೇ ಇದೆ. ಮಕ್ತಲ್‌ನ ಶಾಖೆಯಲ್ಲಿ ಕುಳಿತು "ನಮಗ ಕನ್ನಡದಾಗ ಬೇಕ್ರಿ" ಎಂದು ಕೇಳುವುದು ನಿಮ್ಮ ಹಕ್ಕು. ಪತ್ರ ಕೊಟ್ಟ ಮೇಲೆ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನಗಳ ಅವಕಾಶವಿದೆ. ಮನೆಗೆ ಒಯ್ದು, ಲೆಕ್ಕ ಬಲ್ಲವರ ಕೈಲಿ ಓದಿಸಿ. ಅದರಲ್ಲಿ ನಮೂದಿಸದ ಯಾವ ಶುಲ್ಕವನ್ನೂ ನಿಮ್ಮ ಸ್ಪಷ್ಟ ಒಪ್ಪಿಗೆಯಿಲ್ಲದೆ ಆಮೇಲೆ ವಸೂಲಿ ಮಾಡುವಂತಿಲ್ಲ. ಗಡಿಯ ಕನ್ನಡಿಗರಿಗೆ ಇಷ್ಟು ಉಪಯೋಗಕ್ಕೆ ಬರುವ ನಿಯಮ ಇನ್ನೊಂದಿಲ್ಲ, ಆದರೂ ಕೇಳಿ ಪಡೆಯುವವರು ಬಹಳ ಮಂದಿಯಿಲ್ಲ.

2. ಬಡ್ಡಿ ದರದ ಬದಲು ಎಪಿಆರ್ ಹೋಲಿಸಿ. ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯದ ಖರ್ಚು, ಸಾಲದ ಜೊತೆ ತಗುಲಿಸಿದ ವಿಮೆ, ಎಲ್ಲವನ್ನೂ ಸೇರಿಸಿ ತೆಗೆದ ವಾರ್ಷಿಕ ದರವೇ ಎಪಿಆರ್. ಕೆಎಫ್‌ಎಸ್‌ನಲ್ಲಿ ಅದನ್ನು ಬರೆದಿರಲೇಬೇಕು. ತಿಂಗಳುವಾರು ಅಸಲು ಬಡ್ಡಿಯ ಪಟ್ಟಿಯೂ ಅದರ ಜೊತೆಗಿರುತ್ತದೆ. ಅರವತ್ತನೇ ಕಂತಿನ ಸಾಲನ್ನು ಹುಡುಕಿ, ಬಾಕಿ ಎಷ್ಟಿದೆ ಎಂದು ನೋಡಿ.

3. ಕೈಯಿಂದ ಹಾಕುವ ದುಡ್ಡನ್ನು ಮೊದಲೇ ಎಣಿಸಿ. 30 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆಯ ಬೆಲೆಯ ಶೇ. 90ರಷ್ಟನ್ನು ಮಾತ್ರ ಕೊಡಬಹುದು. ಮನೆಯ ಬೆಲೆ 10 ಲಕ್ಷ ಮೀರಿದರೆ ರಿಜಿಸ್ಟ್ರೇಷನ್ ಖರ್ಚು ಆ ಬೆಲೆಯಲ್ಲಿ ಸೇರುವುದಿಲ್ಲ. ತೆಲಂಗಾಣದಲ್ಲಿ 2021ರ ಜುಲೈನಿಂದ ಸ್ಟಾಂಪ್ ಡ್ಯೂಟಿ, ಟ್ರಾನ್ಸ್‌ಫರ್ ಡ್ಯೂಟಿ, ನೋಂದಣಿ ಶುಲ್ಕ ಸೇರಿ ಶೇ. 7.5. ಅಂದರೆ 25 ಲಕ್ಷದ ಮನೆಗೆ ಎರಡೂವರೆ ಲಕ್ಷ ಕೈಯಿಂದ, ಮೇಲೆ 1,87,500 ನೋಂದಣಿಗೆ. ಈ ದುಡ್ಡಿಗೆ ಎರಡು ರೂಪಾಯಿ ಬಡ್ಡಿಯಲ್ಲಿ 2 ಲಕ್ಷ ಕೈಸಾಲ ಮಾಡಿ, ಅಸಲು ತೀರಿಸದೆ ಐದು ವರ್ಷ ಬಡ್ಡಿ ಮಾತ್ರ ಕಟ್ಟುತ್ತಾ ಹೋದರೆ ಆ ಬಡ್ಡಿಯೇ 2 ಲಕ್ಷ 40 ಸಾವಿರ. ಮನೆ ಸಾಲದ ನಿಜವಾದ ಖರ್ಚಿನಲ್ಲಿ ಇದನ್ನೂ ಹಿಡಿಯಬೇಕು. ಚೀಟಿ ಹರಾಜಿನಲ್ಲಿ ಬಿಟ್ಟುಕೊಟ್ಟ ಮೊತ್ತವೂ ಇದೇ ಖಾತೆಗೆ ಸೇರುತ್ತದೆ.

4. ವಿಮೆಯನ್ನು ಸಾಲದೊಳಗೆ ಸೇರಿಸಬೇಡಿ. ದುಡಿಯುವವರಿಗೆ ಏನಾದರೂ ಆದರೆ ಮನೆ ಉಳಿಯಬೇಕು, ಆದ್ದರಿಂದ ವಿಮೆ ಬೇಕೇ ಬೇಕು. ಆದರೆ 60,000 ರೂಪಾಯಿಯ ಒಂದೇ ಕಂತಿನ ಪ್ರೀಮಿಯಂ ಅನ್ನು ಸಾಲಕ್ಕೇ ಕೂಡಿಸಿದರೆ ಶೇ. 9ರಲ್ಲಿ 20 ವರ್ಷಕ್ಕೆ ಅದು 1 ಲಕ್ಷ 30 ಸಾವಿರದ ಹತ್ತಿರ ಹೋಗುತ್ತದೆ. ಇಂಥದೇ ಕಂಪನಿಯ ವಿಮೆ ಕೊಳ್ಳಬೇಕೆಂದು ಬ್ಯಾಂಕು ಒತ್ತಾಯ ಮಾಡುವಂತಿಲ್ಲ. ಬೇರೆ ಕಡೆ ಟರ್ಮ್ ವಿಮೆಯ ಬೆಲೆ ಕೇಳಿ ಹೋಲಿಸಿ ನೋಡಿ.

5. ಪ್ಲಾಟಿನ ಮಂಜೂರಾತಿ ನೋಡಿ. ಲೇಔಟ್ ಮಂಜೂರಾತಿಯಿಲ್ಲದ ಪ್ಲಾಟು ಅಗ್ಗವಾಗಿ ಸಿಗುತ್ತದೆ. ಬ್ಯಾಂಕು ಅದಕ್ಕೆ ಸಾಲ ಕೊಡಲು ಒಪ್ಪದಿದ್ದಾಗ ಹೆಚ್ಚಿನ ಬಡ್ಡಿಯ ಫೈನಾನ್ಸ್ ಕಂಪನಿಗೆ ಹೋಗಬೇಕಾಗುತ್ತದೆ. 20 ಲಕ್ಷಕ್ಕೆ ಶೇ. 9ರ ಬದಲು ಶೇ. 12 ಕೊಟ್ಟರೆ ಕಂತು 22,022, ಇಪ್ಪತ್ತು ವರ್ಷದಲ್ಲಿ ಹೆಚ್ಚಾಗಿ ಹೋಗುವುದು 9 ಲಕ್ಷ 66 ಸಾವಿರ. ಪ್ಲಾಟಿನಲ್ಲಿ ಉಳಿದದ್ದು ಅಷ್ಟಿತ್ತೇ? 2020ರ ಎಲ್‌ಆರ್‌ಎಸ್ (ಲೇಔಟ್ ಸಕ್ರಮ) ಯೋಜನೆಯಲ್ಲಿ ಆ ಜಾಗಕ್ಕೆ ಅರ್ಜಿ ಹಾಕಿದ್ದರೆ ಅದು ಯಾವ ಹಂತದಲ್ಲಿದೆ ಎಂದು ಮುಂಗಡ ಕೊಡುವ ಮುಂಚೆಯೇ ವಿಚಾರಿಸಿ.

6. ಸಬ್ಸಿಡಿ ಸಿಗುತ್ತದೆಯೇ ಕೇಳಿ. ಪ್ರಧಾನಮಂತ್ರಿ ಆವಾಸ್ ಯೋಜನೆ ನಗರ 2.0ರ ಬಡ್ಡಿ ಸಬ್ಸಿಡಿ 2024ರ ಸೆಪ್ಟೆಂಬರ್ 1ರಿಂದ ಇದೆ. ಕುಟುಂಬದ ವರ್ಷದ ಆದಾಯ 9 ಲಕ್ಷದೊಳಗಿರಬೇಕು, ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇರಬಾರದು. ಮನೆಯ ಬೆಲೆ 35 ಲಕ್ಷ, ಸಾಲ 25 ಲಕ್ಷ ಮೀರಬಾರದು. ಮೊದಲ 8 ಲಕ್ಷಕ್ಕೆ ಶೇ. 4ರಂತೆ, ಹೆಚ್ಚೆಂದರೆ 1 ಲಕ್ಷ 80 ಸಾವಿರ, ಐದು ವಾರ್ಷಿಕ ಕಂತಿನಲ್ಲಿ ಬರುತ್ತದೆ. ಸ್ವಂತ ಜಾಗವಿರುವ ಬಡ ಕುಟುಂಬಗಳು ರಾಜ್ಯದ ಇಂದಿರಮ್ಮ ಯೋಜನೆಯ 5 ಲಕ್ಷದ ನೆರವಿಗೆ ಮೊದಲು ಪ್ರಯತ್ನಿಸಬೇಕು. ಆ ಹಣ ಕಟ್ಟಡದ ಹಂತ ನೋಡಿ ಕಂತಿನಲ್ಲಿ ಬರುತ್ತದೆ.

ವರ್ಷಕ್ಕೊಮ್ಮೆ ಬರುವ ದುಡ್ಡು

ಈ ಸೀಮೆಯ ಆದಾಯದ ರೀತಿಯೇ ಬೇರೆ. ಗದ್ವಾಲದ ಸುತ್ತ ಬೀಜದ ಹತ್ತಿ ಬೆಳೆಯುವವರಿಗೆ ಕಂಪನಿಯ ಹಣ ತಿಂಗಳು ತಿಂಗಳು ಬರುವುದಿಲ್ಲ, ಬೆಳೆ ಒಪ್ಪಿಸಿದ ಮೇಲೆ ಒಟ್ಟಿಗೆ ಬರುತ್ತದೆ. ಜೂರಾಲ ಕಾಲುವೆಯ ಭತ್ತದವರಿಗೆ ಸುಗ್ಗಿಯಲ್ಲಿ, ಗದ್ವಾಲ ಮತ್ತು ನಾರಾಯಣಪೇಟೆ ಸೀರೆ ನೇಯುವ ಮನೆಗಳಿಗೆ ಹಬ್ಬ ಮದುವೆಗಳ ಕಾಲದಲ್ಲಿ ಕೈ ತುಂಬುತ್ತದೆ. ಇಂಥವರು ತಿಂಗಳ ಕಂತನ್ನು ದೊಡ್ಡದು ಮಾಡಿಕೊಂಡು ಬರಗಾಲದಲ್ಲಿ ಒದ್ದಾಡುವ ಬದಲು, ತಡೆಯಬಲ್ಲ ಕಂತನ್ನು ಇಟ್ಟುಕೊಂಡು ದುಡ್ಡು ಬಂದಾಗ ಅಸಲಿಗೆ ನೇರವಾಗಿ ಕಟ್ಟುವುದು ಮೇಲು. ಬದಲಾಗುವ ದರದ ಮನೆ ಸಾಲವನ್ನು ವ್ಯಕ್ತಿಯೊಬ್ಬರು ಅವಧಿಗೆ ಮುಂಚೆ ಕಟ್ಟಿದರೆ ದಂಡ ಹಾಕುವಂತಿಲ್ಲ. ಸ್ಥಿರ ದರದ ಸಾಲಕ್ಕೆ ಶುಲ್ಕ ಇರಬಹುದು, ಕೆಎಫ್‌ಎಸ್‌ನಲ್ಲಿ ನೋಡಿಕೊಳ್ಳಿ.

ಮೊದಲು ಹೇಳಿದ 20 ಲಕ್ಷದ ಸಾಲಕ್ಕೆ ವರ್ಷದ ಕೊನೆಗೊಮ್ಮೆ 18,000, ಅಂದರೆ ಒಂದು ಕಂತಿನಷ್ಟು ಹೆಚ್ಚಿಗೆ ಕಟ್ಟಿದರೆ ಸಾಲ 16 ವರ್ಷ 7 ತಿಂಗಳಿಗೆ ತೀರುತ್ತದೆ. ಉಳಿಯುವ ಬಡ್ಡಿ 4 ಲಕ್ಷ 60 ಸಾವಿರಕ್ಕೂ ಮೇಲು.

ಯಾವಾಗ ಕಟ್ಟುತ್ತೀರಿ ಎಂಬುದು ಎಷ್ಟು ಕಟ್ಟುತ್ತೀರಿ ಎಂಬುದರಷ್ಟೇ ಮುಖ್ಯ. ಎರಡನೇ ವರ್ಷದ ಕೊನೆಗೆ 1 ಲಕ್ಷ ಕಟ್ಟಿದರೆ ಕೊನೆಯ ಇಪ್ಪತ್ತೈದು ಕಂತು ತಪ್ಪುತ್ತವೆ, ಸುಮಾರು 3 ಲಕ್ಷ 58 ಸಾವಿರ ಬಡ್ಡಿ ಉಳಿಯುತ್ತದೆ. ಅದೇ 1 ಲಕ್ಷವನ್ನು ಹನ್ನೆರಡನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 97 ಸಾವಿರ. ದುಡ್ಡು ಕಟ್ಟುವಾಗ ಇದು ಅಸಲಿಗೆ, ಅವಧಿ ಇಳಿಸಿ ಎಂದು ಬರೆದುಕೊಡಿ, ಹೊಸ ಪಟ್ಟಿ ಕೇಳಿ ಪಡೆಯಿರಿ.

ಒಂದು ಎಚ್ಚರಿಕೆ. ಎರಡು ರೂಪಾಯಿ ಬಡ್ಡಿಯ ಕೈಸಾಲ ಅಂದರೆ ವರ್ಷಕ್ಕೆ ಶೇ. 24. ಅದು ತಲೆಯ ಮೇಲಿರುವಾಗ ಶೇ. 9ರ ಮನೆ ಸಾಲವನ್ನು ಮುಂಚೆ ತೀರಿಸುವುದು ತಿರುವುಮುರುವಾದ ಕೆಲಸ. ಮೊದಲು ಕೈಸಾಲ, ಆಮೇಲೆ ಅಡವಿಟ್ಟ ಬಂಗಾರ, ಅದಾದ ಮೇಲೆ ಮನೆ. ಸಮಯಕ್ಕೆ ಕಟ್ಟಿದರೆ ಶೇ. 4ಕ್ಕೆ ಬೀಳುವ ಕಿಸಾನ್ ಕ್ರೆಡಿಟ್ ಕಾರ್ಡಿನ ಬೆಳೆ ಸಾಲವನ್ನು ಮಾತ್ರ ಅದರ ಗಡುವಿಗೇ ಕಟ್ಟಿ, ಅದನ್ನು ಮುಂಚೆ ತೀರಿಸಿ ಲಾಭವಿಲ್ಲ. ಆಸ್ಪತ್ರೆಗೋ, ಮಳೆ ಕೈಕೊಟ್ಟ ವರ್ಷಕ್ಕೋ ಆರು ತಿಂಗಳ ಕಂತಿನಷ್ಟು ದುಡ್ಡನ್ನು ಬೇರೆಯೇ ಇಟ್ಟುಕೊಂಡು ಉಳಿದದ್ದನ್ನಷ್ಟೇ ಅಸಲಿಗೆ ಹಾಕಿ.

ಹೆಚ್ಚಾಗಿ ಆಗುವ ತಪ್ಪುಗಳು

ಫ್ಲಾಟ್ ದರವನ್ನು ಬ್ಯಾಂಕಿನ ದರದ ಜೊತೆ ಹೋಲಿಸುವುದು ಮೊದಲನೆಯದು. ಖಾಸಗಿಯಾಗಿ ಸಾಲ ಕೊಡುವವರು '75 ಪೈಸೆ ಫ್ಲಾಟ್' ಎನ್ನುತ್ತಾರೆ. 5 ಲಕ್ಷಕ್ಕೆ ಐದು ವರ್ಷ, ಶೇ. 9 ಫ್ಲಾಟ್ ಎಂದರೆ ಬಡ್ಡಿ 2.25 ಲಕ್ಷ, ಕಂತು 12,083. ಅಸಲು ಇಳಿಯುತ್ತಿದ್ದರೂ ಬಡ್ಡಿ ಪೂರ್ತಿ 5 ಲಕ್ಷದ ಮೇಲೆಯೇ ಬೀಳುವುದರಿಂದ ಬ್ಯಾಂಕಿನ ಲೆಕ್ಕದಲ್ಲಿ ಇದು ಶೇ. 15.7ರ ಹತ್ತಿರ ಹೋಗುತ್ತದೆ.

ತೆರಿಗೆ ಉಳಿಯುತ್ತದೆ ಎಂಬ ಮಾತಿಗೆ ಮರುಳಾಗುವುದು ಇನ್ನೊಂದು. ನೇಕಾರರಲ್ಲಿ, ರೈತರಲ್ಲಿ ಹೆಚ್ಚಿನವರು ಆದಾಯ ತೆರಿಗೆಯನ್ನೇ ಕಟ್ಟುವುದಿಲ್ಲ, ಅವರಿಗೆ ಉಳಿಯಲು ಏನೂ ಇಲ್ಲ. ಸಂಬಳದವರಿಗೂ ಹೊಸ ತೆರಿಗೆ ಪದ್ಧತಿಯಲ್ಲಿ ತಾವೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವಿನಾಯಿತಿ ಸಿಗುವುದಿಲ್ಲ.

ಮಗಳ ಮದುವೆಗೆ ಮನೆ ಸಾಲದ ಮೇಲೆ ಟಾಪ್‌ಅಪ್ ತೆಗೆಯುವುದು ಈಚೆಗೆ ಹೆಚ್ಚುತ್ತಿದೆ. ಬಡ್ಡಿ ಕಡಿಮೆ ಎಂಬುದು ನಿಜ. ಆದರೆ ಮೂರು ದಿನದ ಮದುವೆಯ ಸಾಲ ಹದಿನೈದು ವರ್ಷ ನಡೆಯುತ್ತದೆ. ತೆಗೆಯಲೇಬೇಕಾದರೆ ಅದಕ್ಕೆ ಬೇರೆಯಾಗಿ ನಾಲ್ಕೈದು ವರ್ಷದ ಅವಧಿ ಹಾಕಿಸಿ.

ಕಟ್ಟಡ ಏಳುವಾಗ ಸಾಲ ಹಂತ ಹಂತವಾಗಿ ಬಿಡುಗಡೆಯಾಗುತ್ತದೆ. ಆ ಅವಧಿಯಲ್ಲಿ ಪ್ರೀ-ಇಎಂಐ ಎಂದು ಕಟ್ಟುವುದು ಬರೀ ಬಡ್ಡಿ, ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಮೇಸ್ತ್ರಿ ಆರು ತಿಂಗಳು ತಡ ಮಾಡಿದರೆ ಅಷ್ಟು ತಿಂಗಳ ಬಡ್ಡಿಯನ್ನೂ ಕಟ್ಟಡದ ಖರ್ಚಿಗೆ ಬರೆದುಕೊಳ್ಳಿ. ಹಳೆಯ ಸಾಲದವರು ಹೊಸಬರಿಗೆ ಸಿಗುತ್ತಿರುವ ದರವನ್ನು ವರ್ಷಕ್ಕೊಮ್ಮೆ ಕೇಳದೇ ಇರುವುದೂ ತಪ್ಪೇ: 20 ಲಕ್ಷಕ್ಕೆ ಅರ್ಧ ಪರ್ಸೆಂಟ್ ಇಳಿದರೆ ತಿಂಗಳಿಗೆ 638, ಇಪ್ಪತ್ತು ವರ್ಷಕ್ಕೆ ಒಂದೂವರೆ ಲಕ್ಷ.

ಕೊನೆಯ ಕಂತು ಕಟ್ಟಿದ ಮೇಲೆ

ಕೊನೆಯ ಕಂತು ಕಟ್ಟಿ ಮನೆಗೆ ಬಂದು ಸುಮ್ಮನಾಗಬೇಡಿ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಬ್ಯಾಂಕು ಮೂಲ ದಸ್ತಾವೇಜುಗಳನ್ನೆಲ್ಲ ಹಿಂದಿರುಗಿಸಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಸಾಲ ಕೊಡುವಾಗ ಬರೆಸಿಕೊಂಡ ದಸ್ತಾವೇಜುಗಳ ಪಟ್ಟಿಯನ್ನು ಜೋಪಾನವಾಗಿಟ್ಟಿದ್ದರೆ ಒಂದೊಂದನ್ನೂ ತಾಳೆ ನೋಡಿ ತೆಗೆದುಕೊಳ್ಳಬಹುದು. ಬಾಕಿಯಿಲ್ಲವೆಂಬ ಪತ್ರ ಪಡೆಯಿರಿ. ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಬ್ಯಾಂಕಿನ ಹೆಸರಿಗೆ ಅಡಮಾನ ನೋಂದಣಿಯಾಗಿದ್ದರೆ ಅದನ್ನು ರದ್ದು ಮಾಡಿಸಿ, ಹೊಸ ಋಣಭಾರ ಪತ್ರ (ಇ.ಸಿ.) ತೆಗೆದು ನೋಡಿ. ಬ್ಯಾಂಕು ದೂರಿಗೆ 30 ದಿನದೊಳಗೆ ಉತ್ತರಿಸದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ಹೋಗಬಹುದು, ವಿಚಾರಿಸಲು 14448ಕ್ಕೆ ಕರೆ ಮಾಡಿ. ಹೌಸಿಂಗ್ ಫೈನಾನ್ಸ್ ಕಂಪನಿಯ ಮೇಲಿನ ದೂರು ನ್ಯಾಷನಲ್ ಹೌಸಿಂಗ್ ಬ್ಯಾಂಕಿಗೆ ಹೋಗಬೇಕು.